ನೀರಿನ ವರದಿಯಲ್ಲಿ ‘ಗಡಸುತನ 420’: ಆ ಅಂಕಿಯನ್ನು ಓದುವ, ಅಳೆಯುವ, ಬಳಸುವ ಬಗೆ

ಮುಂಬೈ, ಪುಣೆಯ ನಮ್ಮ ಹೋಟೆಲುಗಳಿಗೆ ನೀರಿನ ಪರೀಕ್ಷೆಯ ವರದಿ ಬಂದಾಗ ಎಲ್ಲರ ಕಣ್ಣು ಮೊದಲು ಹೋಗುವುದು ಟಿಡಿಎಸ್ (ನೀರಿನಲ್ಲಿ ಕರಗಿದ ಒಟ್ಟು ಲವಣ) ಸಾಲಿಗೆ. ಇಡ್ಲಿ ಸ್ಟೀಮರಿಗೆ ಸುಣ್ಣ ಕಟ್ಟುವುದು, ಗೀಸರಿನ ಕಾಯಿಲ್ ಪದೇ ಪದೇ ಸುಡುವುದು, ತೊಗರಿಬೇಳೆ ಎಷ್ಟು ಸೀಟಿ ಹಾಕಿಸಿದರೂ ಕರಗದೆ ಕೂರುವುದು, ಇವಕ್ಕೆಲ್ಲ ಉತ್ತರ ಇರುವುದು ಬೇರೊಂದು ಸಾಲಿನಲ್ಲಿ: ‘ಒಟ್ಟು ಗಡಸುತನ, ಕ್ಯಾಲ್ಸಿಯಂ ಕಾರ್ಬೊನೇಟ್ ಲೆಕ್ಕದಲ್ಲಿ, ಲೀಟರಿಗೆ 420 ಮಿಲಿಗ್ರಾಂ’. ಗಡಸುತನ ಎಂದರೆ ನೀರಿನಲ್ಲಿ ಕರಗಿರುವ ಕ್ಯಾಲ್ಸಿಯಂ, ಮೆಗ್ನೀಸಿಯಂಗಳ ಅಳತೆ.

ಉಡುಪಿ, ಕುಂದಾಪುರದ ಮುರಕಲ್ಲಿನ ಬಾವಿ ನೀರು ಕುಡಿದು ಬೆಳೆದವರಿಗೆ ಈ ಶಬ್ದದ ಅಗತ್ಯವೇ ಬಿದ್ದಿರುವುದಿಲ್ಲ. ಆ ನೀರು ತೀರಾ ಮೆದು. ಮುಂಬೈಗೆ ಬಂದ ಮೇಲೂ ಮಹಾನಗರಪಾಲಿಕೆಯ ನೀರಿಗೆ ಹೆಚ್ಚು ತೊಂದರೆ ಇಲ್ಲ. ಭಾತ್ಸಾ, ತಾನ್ಸಾ, ವೈತರಣಾ ಮುಂತಾದ ಜಲಾಶಯಗಳಲ್ಲಿ ನಿಲ್ಲುವುದು ಮಳೆಯ ನೀರು, ಅದೂ ಮೆದುವೇ. ಪುಣೆಗೆ ಖಡಕ್‌ವಾಸ್ಲಾದಿಂದ ಬರುವ ನೀರಿಗೂ ಇದೇ ಮಾತು. ನಲ್ಲಿ ನಿಂತು ಟ್ಯಾಂಕರ್ ಬಂದಾಗ, ಅಥವಾ ಸೊಸೈಟಿಯ ಬೋರ್‌ವೆಲ್ ನೀರು ತೊಟ್ಟಿಗೆ ಸೇರಿದಾಗ ಕಥೆ ಬದಲಾಗುತ್ತದೆ. ದಖ್ಖನ್ನಿನ ಕಪ್ಪು ಬಸಾಲ್ಟ್ ಬಂಡೆಯ ಬಿರುಕುಗಳಲ್ಲಿ ವರ್ಷಗಟ್ಟಲೆ ನಿಂತ ನೀರು ಕ್ಯಾಲ್ಸಿಯಂ, ಮೆಗ್ನೀಸಿಯಂಗಳನ್ನು ಕರಗಿಸಿಕೊಂಡೇ ಮೇಲೆ ಬರುತ್ತದೆ. ಸಮುದ್ರದ ಅಂಚಿನ ಬೋರ್‌ವೆಲ್ಲುಗಳಲ್ಲಿ ಕಾರಣವೇ ಬೇರೆ. ಸಮುದ್ರದ ನೀರಿನ ಗಡಸುತನ ಲೀಟರಿಗೆ ಸುಮಾರು 6,300 ಮಿಲಿಗ್ರಾಂ. ನೂರು ಲೀಟರ್ ಬಾವಿ ನೀರಿಗೆ ಒಂದೇ ಲೀಟರ್ ಸಮುದ್ರದ ನೀರು ನುಸುಳಿದರೆ ಗಡಸುತನ 60ರಷ್ಟು ಏರುತ್ತದೆ, ಅದರಲ್ಲಿ ಬಹುಪಾಲು ಮೆಗ್ನೀಸಿಯಂ.

ಮರಾಠಿಯಲ್ಲಿ ಇದಕ್ಕೆ ‘ಕಠೀಣಪಣಾ’ ಎನ್ನುತ್ತಾರೆ. ಅವರ ಶಾಲೆಯ ಪುಸ್ತಕಗಳಲ್ಲಿ ಗಡಸು ನೀರಿಗೆ ‘ದುಷ್ಫೇನ’ ಎಂಬ ಇನ್ನೊಂದು ಹೆಸರಿದೆ: ನೊರೆ ಕೊಡದ ನೀರು. ಶಬ್ದವಾಗಿ ನಮ್ಮ ‘ಗಡಸುತನ’ಕ್ಕಿಂತ ಇದೇ ಒಳ್ಳೆಯದು. ನೀರಿನಲ್ಲಿ ಏನಿದೆ ಎಂದು ತಿಳಿಯುವ ಮೊದಲು ಜನ ಗುರುತಿಸಿದ್ದು ಅದು ಏನು ಮಾಡುತ್ತದೆ ಎಂಬುದನ್ನೇ. 1841ರಲ್ಲಿ ಸ್ಕಾಟ್ಲೆಂಡಿನ ಥಾಮಸ್ ಕ್ಲಾರ್ಕ್ ರೂಪಿಸಿದ ಅಳತೆಯೂ, ನಿಲ್ಲುವ ನೊರೆ ಬರಲು ಎಷ್ಟು ಸಾಬೂನು ಬೇಕು ಎಂಬ ಲೆಕ್ಕವೇ.

‘ಲೆಕ್ಕದಲ್ಲಿ’ ಎಂದರೆ ಏನು

ಹೆಚ್ಚಿನವರು ಎಡವುವುದು ಇಲ್ಲಿಯೇ. ‘ಕ್ಯಾಲ್ಸಿಯಂ ಕಾರ್ಬೊನೇಟ್ ಲೆಕ್ಕದಲ್ಲಿ 420’ ಎಂದರೆ ಆ ನೀರಿನಲ್ಲಿ 420 ಮಿಲಿಗ್ರಾಂ ಸುಣ್ಣದಕಲ್ಲು ಕರಗಿ ಕೂತಿದೆ ಎಂದಲ್ಲ. ನೀರಿನಲ್ಲಿ ಇರುವುದು ಕ್ಯಾಲ್ಸಿಯಂ ಮತ್ತು ಮೆಗ್ನೀಸಿಯಂ ಅಯಾನುಗಳು, ಅಂದರೆ ವಿದ್ಯುದಂಶ ಹೊತ್ತ ಪರಮಾಣುಗಳು. ಇವೆರಡರ ತೂಕ ಬೇರೆ ಬೇರೆ, ಕ್ಯಾಲ್ಸಿಯಂ 40, ಮೆಗ್ನೀಸಿಯಂ 24.3. ಸಾಬೂನನ್ನು ಕೆಡಿಸುವುದರಲ್ಲಿ ಮಾತ್ರ ಒಂದು ಕ್ಯಾಲ್ಸಿಯಂ ಅಯಾನೂ ಒಂದು ಮೆಗ್ನೀಸಿಯಂ ಅಯಾನೂ ಸಮ. ಆದ್ದರಿಂದ ಎರಡರ ತೂಕವನ್ನು ನೇರವಾಗಿ ಕೂಡಿದರೆ ಅರ್ಥ ಬರುವುದಿಲ್ಲ. ಡಾಲರ್, ದಿರ್ಹಮ್ ಎರಡನ್ನೂ ರೂಪಾಯಿಗೆ ಇಳಿಸಿ ಕೂಡುವ ಹಾಗೆ, ಎರಡು ಅಯಾನುಗಳನ್ನೂ ಅಷ್ಟೇ ಸಂಖ್ಯೆಯ ಕ್ಯಾಲ್ಸಿಯಂ ಕಾರ್ಬೊನೇಟಿನ ತೂಕಕ್ಕೆ ಇಳಿಸಿ ಕೂಡುತ್ತಾರೆ. ಅದರ ಅಣುತೂಕ ಹೆಚ್ಚುಕಡಿಮೆ ಸರಿಯಾಗಿ 100, ಲೆಕ್ಕಕ್ಕೆ ಬಹಳ ಅನುಕೂಲ.

ಇಳಿಸುವ ಗುಣಕಗಳು ಎರಡೇ. ಕ್ಯಾಲ್ಸಿಯಂಗೆ 2.5, ಮೆಗ್ನೀಸಿಯಂಗೆ 4.12. ವರದಿಯಲ್ಲಿ ಕ್ಯಾಲ್ಸಿಯಂ 92, ಮೆಗ್ನೀಸಿಯಂ 46 ಎಂದಿದೆ ಎಂದುಕೊಳ್ಳಿ. 92ನ್ನು 2.5ರಿಂದ ಗುಣಿಸಿದರೆ 230. 46ನ್ನು 4.12ರಿಂದ ಗುಣಿಸಿದರೆ 190. ಒಟ್ಟು 420. ವರದಿ ಕೈಗೆ ಬಂದ ಕೂಡಲೇ ಈ ಗುಣಾಕಾರ ಮಾಡಿ ನೋಡಿ. ಮೂರು ಅಂಕಿಗಳು ಒಂದಕ್ಕೊಂದು ತಾಳೆಯಾಗದಿದ್ದರೆ, ಉದಾಹರಣೆಗೆ ಒಟ್ಟು 138 ಎಂದು ಬರೆದಿದ್ದರೆ, ಯಾರೋ ಅಯಾನುಗಳನ್ನು ಪರಿವರ್ತಿಸದೆ ಕೂಡಿದ್ದಾರೆ. ಅಂಥ ವರದಿ ನಂಬಿ ಸಾಫ್ಟ್‌ನರ್ (ನೀರಿನ ಗಡಸುತನ ತೆಗೆಯುವ ಸಾಧನ) ಖರೀದಿಸಿದರೆ ಅದು ಬೇಕಾದ್ದರ ಮೂರನೇ ಒಂದು ಭಾಗದ ಗಾತ್ರದ್ದಾಗಿರುತ್ತದೆ.

ಪಿಪಿಎಂ ಎಂದು ಬರೆದಿದ್ದರೂ ಸಾಮಾನ್ಯ ನೀರಿಗೆ ಅದೂ ಲೀಟರಿಗೆ ಮಿಲಿಗ್ರಾಂ ಎಂಬುದೂ ಒಂದೇ. ಯಂತ್ರಗಳ ಕೈಪಿಡಿಗಳಲ್ಲಿ ಬೇರೆ ಮಾನಗಳು ಬರುತ್ತವೆ. ಪಾತ್ರೆ ತೊಳೆಯುವ ಯಂತ್ರಗಳಲ್ಲಿ ಕಾಣುವ ಜರ್ಮನ್ ಡಿಗ್ರಿ ಒಂದಕ್ಕೆ 17.8 ಮಿಲಿಗ್ರಾಂ, ಸಾಫ್ಟ್‌ನರ್ ಕವಾಟಗಳಲ್ಲಿನ ಅಮೆರಿಕದ ಗ್ರೇನ್ ಒಂದಕ್ಕೆ 17.1, ಫ್ರೆಂಚ್ ಡಿಗ್ರಿಗೆ 10. ನಮ್ಮ 420 ಎಂದರೆ ಜರ್ಮನ್ ಡಿಗ್ರಿ 24. ಯಂತ್ರಕ್ಕೆ ಈ 24 ಕೊಡಬೇಕೇ ಹೊರತು 420 ಅಲ್ಲ.

ಭಾರತೀಯ ಮಾನಕ ಐಎಸ್ 10500:2012ರ ಪ್ರಕಾರ ಕುಡಿಯುವ ನೀರಿನಲ್ಲಿ ಒಟ್ಟು ಗಡಸುತನದ ಸ್ವೀಕಾರಾರ್ಹ ಮಿತಿ 200. ಬೇರೆ ಮೂಲವೇ ಇಲ್ಲದಿದ್ದರೆ 600ರವರೆಗೆ ಒಪ್ಪಬಹುದು. 420ರ ನೀರು ಹಾಗಾಗಿ ವಿಷವಲ್ಲ. ಅದರ ತೊಂದರೆ ಇರುವುದು ಒಲೆಯ ಮೇಲೆ, ಪೈಪಿನೊಳಗೆ.

ಟಿಡಿಎಸ್ ಮೀಟರ್ ಏನು ಹೇಳುವುದಿಲ್ಲ

ಪೆನ್ನಿನಂಥ ಟಿಡಿಎಸ್ ಮೀಟರ್ ಅಳೆಯುವುದು ನೀರಿನಲ್ಲಿ ವಿದ್ಯುತ್ ಎಷ್ಟು ಹರಿಯುತ್ತದೆ ಎಂಬುದನ್ನು. ಆ ಅಂಕಿಯನ್ನು 0.5ರಿಂದ 0.7ರೊಳಗಿನ ಒಂದು ಗುಣಕದಿಂದ ಗುಣಿಸಿ ಪರದೆಯ ಮೇಲೆ ತೋರಿಸುತ್ತದೆ. ಉಪ್ಪಿನ ಸೋಡಿಯಮ್ಮಿಗೂ ಸುಣ್ಣದ ಕ್ಯಾಲ್ಸಿಯಮ್ಮಿಗೂ ಅದು ಭೇದ ಮಾಡದು. ಟಿಡಿಎಸ್ 700 ಇರುವ ಎರಡು ನೀರಿನಲ್ಲಿ ಒಂದರ ಗಡಸುತನ 100, ಇನ್ನೊಂದರದು 450 ಇರಲು ಸಾಧ್ಯ.

ಇದರಿಂದಾಗುವ ಅತಿ ಸಾಮಾನ್ಯ ತಪ್ಪೆಂದರೆ ಸಾಫ್ಟ್‌ನರ್ ಹಾಕಿಸಿ, ಅದರ ಹಿಂದೆ ಮುಂದೆ ಟಿಡಿಎಸ್ ಮೀಟರ್ ಅದ್ದಿ, ‘ಅಂಕಿ ಇಳಿಯಲೇ ಇಲ್ಲ, ಮೋಸ’ ಎನ್ನುವುದು. ಸಾಫ್ಟ್‌ನರ್ ಲವಣ ತೆಗೆಯುವುದಿಲ್ಲ. ಕ್ಯಾಲ್ಸಿಯಂ ಹಿಡಿದಿಟ್ಟುಕೊಂಡು ಸೋಡಿಯಂ ಬಿಡುತ್ತದೆ. ಟಿಡಿಎಸ್ ಇದ್ದಲ್ಲೇ ಇರುತ್ತದೆ, ಗಡಸುತನ ಸೊನ್ನೆಯ ಹತ್ತಿರ ಬರುತ್ತದೆ. ಅದು ಕೆಲಸ ಮಾಡುತ್ತಿದೆಯೇ ಎಂದು ತಿಳಿಯಲು ಗಡಸುತನವನ್ನೇ ಅಳೆಯಬೇಕು.

ಅಳೆಯುವ ಬಗೆ

ಪ್ರಯೋಗಾಲಯದ ವಿಧಾನ ಇಡಿಟಿಎ ಟೈಟ್ರೇಷನ್, ಅಂದರೆ ಬಣ್ಣ ಬದಲಾಗುವವರೆಗೆ ಇಡಿಟಿಎ ದ್ರಾವಣವನ್ನು ಅಳೆದು ಹನಿಸುವುದು. ಇಡಿಟಿಎ ಎಂಬ ಅಣು ಕ್ಯಾಲ್ಸಿಯಂ, ಮೆಗ್ನೀಸಿಯಂ ಅಯಾನುಗಳನ್ನು ಏಡಿ ಕೊಂಡಿಯಲ್ಲಿ ಹಿಡಿದ ಹಾಗೆ ಒಂದಕ್ಕೊಂದರಂತೆ ಹಿಡಿಯುತ್ತದೆ. ಎಷ್ಟು ಇಡಿಟಿಎ ಖರ್ಚಾಯಿತೋ ಅಷ್ಟೇ ಅಯಾನುಗಳು ಇದ್ದವು ಎಂದರ್ಥ.

ಇಡಿಟಿಎಯ ಡೈಸೋಡಿಯಂ ಲವಣ 3.72 ಗ್ರಾಂ ತೂಗಿ, ಬಟ್ಟಿ ಇಳಿಸಿದ ನೀರಿನಲ್ಲಿ ಕರಗಿಸಿ ಸರಿಯಾಗಿ 1 ಲೀಟರ್ ಮಾಡಿ. ಇದು 0.01 ಮೋಲಾರ್. ಇದರ 1 ಮಿ.ಲೀ. ಎಂದರೆ 1 ಮಿಲಿಗ್ರಾಂ ಕ್ಯಾಲ್ಸಿಯಂ ಕಾರ್ಬೊನೇಟ್. ಕರಗಲು ಹೊತ್ತು ಹಿಡಿಯುತ್ತದೆ, ಅವಸರ ಬೇಡ. ಗಾಜಿನ ಬದಲು ಪಾಲಿಥೀನ್ ಬಾಟಲಿಯಲ್ಲಿಡಿ. ಗಾಜಿನಿಂದಲೂ ಲೋಹದ ಅಯಾನುಗಳನ್ನು ಇದು ನಿಧಾನಕ್ಕೆ ಎಳೆದುಕೊಂಡು ತನ್ನ ಬಲ ಕಳೆದುಕೊಳ್ಳುತ್ತದೆ.

ಬಫರಿಗೆ, ಅಂದರೆ ಪಿಎಚ್ ಅನ್ನು 10ರ ಬಳಿ ಹಿಡಿದಿಡುವ ದ್ರಾವಣಕ್ಕೆ, 16.9 ಗ್ರಾಂ ಅಮೋನಿಯಂ ಕ್ಲೋರೈಡನ್ನು 143 ಮಿ.ಲೀ. ಗಾಢ ಅಮೋನಿಯಾದಲ್ಲಿ ಕರಗಿಸಿ, 1.25 ಗ್ರಾಂ ಇಡಿಟಿಎಯ ಮೆಗ್ನೀಸಿಯಂ ಲವಣ ಸೇರಿಸಿ, ನೀರು ಹಾಕಿ 250 ಮಿ.ಲೀ. ಮಾಡಬೇಕು. ಕಿಟಕಿ ತೆರೆದಿಟ್ಟು, ಮುಖ ದೂರ ಹಿಡಿದು ಮಾಡುವ ಕೆಲಸ ಇದು. ಮೆಗ್ನೀಸಿಯಂ ಲವಣ ಏಕೆಂದರೆ, ಬಣ್ಣ ತೋರಿಸುವ ಎರಿಯೋಕ್ರೋಮ್ ಬ್ಲ್ಯಾಕ್ ಟಿ ಎಂಬ ಸೂಚಕ ಕ್ಯಾಲ್ಸಿಯಮ್ಮನ್ನು ಸಡಿಲವಾಗಿಯೂ ಮೆಗ್ನೀಸಿಯಮ್ಮನ್ನು ಬಿಗಿಯಾಗಿಯೂ ಹಿಡಿಯುತ್ತದೆ. ನೀರಿನಲ್ಲಿ ಮೆಗ್ನೀಸಿಯಂ ಇಲ್ಲವೇ ಇಲ್ಲ ಎಂದಾದರೆ ಬಣ್ಣ ಎಲ್ಲಿ ಬದಲಾಯಿತೆಂದೇ ತಿಳಿಯದು. ಸೂಚಕವನ್ನು ನೀರಿನಲ್ಲಿ ಕರಗಿಸಿಟ್ಟರೆ ಬೇಗ ಕೆಡುತ್ತದೆ. 0.5 ಗ್ರಾಂ ಸೂಚಕವನ್ನು 100 ಗ್ರಾಂ ಶುದ್ಧ ಸೋಡಿಯಂ ಕ್ಲೋರೈಡಿನೊಂದಿಗೆ ಕಲ್ಲಿನಲ್ಲಿ ಅರೆದು ಒಣಪುಡಿಯಾಗಿಟ್ಟರೆ ತಿಂಗಳುಗಟ್ಟಲೆ ಬಾಳುತ್ತದೆ.

ಮಾದರಿ ಹಿಡಿಯುವಾಗ ಎರಡು ಮೂರು ನಿಮಿಷ ನಲ್ಲಿ ಬಿಟ್ಟು, ಅದೇ ನೀರಿನಿಂದ ಬಾಟಲಿಯನ್ನು ಮೂರು ಬಾರಿ ತೊಳೆದು, ಬಾಯಿಯವರೆಗೆ ತುಂಬಿ. ಟ್ಯಾಂಕರಿನದಾದರೆ ತೊಟ್ಟಿಗೆ ಬೀಳುವ ಮೊದಲೇ ಕೊಳವೆಯಿಂದ ಹಿಡಿಯಿರಿ. ತೊಟ್ಟಿಯಲ್ಲಿ ನಿನ್ನೆಯ ನೀರೂ ಇರುತ್ತದೆ.

ಈಗ ಶಂಕುಪಾತ್ರೆಗೆ 25 ಮಿ.ಲೀ. ಮಾದರಿ, 25 ಮಿ.ಲೀ. ಬಟ್ಟಿ ಇಳಿಸಿದ ನೀರು, 1ರಿಂದ 2 ಮಿ.ಲೀ. ಬಫರ್, ಸೂಚಕದ ಪುಡಿ ಚಿಟಿಕೆಯಷ್ಟು. ನೀರು ಪುನರ್ಪುಳಿ ಶರಬತ್ತಿನ ಕೆಂಪಿಗೆ ತಿರುಗುತ್ತದೆ. ಬ್ಯುರೆಟ್ಟಿನಿಂದ (ಕೆಳಗೆ ನಲ್ಲಿಯಿರುವ ಅಳತೆಯ ಗಾಜಿನ ಕೊಳವೆ) ಇಡಿಟಿಎ ಬಿಡುತ್ತಾ ಪಾತ್ರೆಯನ್ನು ತಿರುಗಿಸುತ್ತಿರಿ. ಮೊದಮೊದಲು ಏನೂ ಆಗುವುದಿಲ್ಲ. ಆಮೇಲೆ ಕೆಂಪಿನಲ್ಲಿ ನೇರಳೆಯ ಛಾಯೆ ಇಣುಕುತ್ತದೆ. ಆಗ ಕೈ ಬಿಗಿ ಮಾಡಿ ಒಂದೊಂದೇ ಹನಿ ಬಿಡಿ, ಹನಿಗೂ ಹನಿಗೂ ನಡುವೆ ಮೂರು ನಾಲ್ಕು ಸೆಕೆಂಡ್ ಬಿಡುವು ಕೊಡಿ. ಕೆಂಪಿನ ಕೊನೆಯ ಎಳೆ ಮಾಯವಾಗಿ ಶಂಖಪುಷ್ಪದ ಶುದ್ಧ ನೀಲಿ ಉಳಿದ ಹನಿಯೇ ಅಂತಿಮ ಬಿಂದು. ಪಾತ್ರೆಯ ಕೆಳಗೆ ಬಿಳಿ ಕಾಗದ ಇಟ್ಟುಕೊಳ್ಳಿ. ಟ್ಯೂಬ್‌ಲೈಟಿನಲ್ಲಿ ನೇರಳೆಯೇ ನೀಲಿಯಂತೆ ಕಂಡು ಮೋಸವಾಗಬಹುದು, ಹಗಲಿನ ಬೆಳಕು ಉತ್ತಮ.

10.5 ಮಿ.ಲೀ. ಖರ್ಚಾಯಿತೆಂದರೆ ಅದನ್ನು 1000ದಿಂದ ಗುಣಿಸಿ 25ರಿಂದ ಭಾಗಿಸಿ: 420.

ಇಡಿಟಿಎ ತೂಗಿದ್ದು ಸರಿಯೇ ಎಂದು ಒಮ್ಮೆ ಪರೀಕ್ಷಿಸದೆ ಅಂಕಿ ಬರೆಯಬೇಡಿ. ಒಣಗಿಸಿದ ಶುದ್ಧ ಕ್ಯಾಲ್ಸಿಯಂ ಕಾರ್ಬೊನೇಟ್ 1.000 ಗ್ರಾಂಗೆ, ಅರ್ಧಕ್ಕರ್ಧ ನೀರು ಬೆರೆಸಿದ ಹೈಡ್ರೋಕ್ಲೋರಿಕ್ ಆಮ್ಲವನ್ನು ಹನಿಹನಿಯಾಗಿ ಹಾಕಿ ಕರಗಿಸಿ. 200 ಮಿ.ಲೀ. ನೀರು ಸೇರಿಸಿ, ಕೆಲವು ನಿಮಿಷ ಕುದಿಸಿ ಇಂಗಾಲದ ಡೈಆಕ್ಸೈಡ್ ಓಡಿಸಿ. ಆರಿದ ಮೇಲೆ ಮೀಥೈಲ್ ರೆಡ್ ಎಂಬ ಸೂಚಕ ಹಾಕಿ, ಅದು ಕಿತ್ತಳೆಗೆ ಬರುವವರೆಗೆ ತೆಳು ಅಮೋನಿಯಾ ಬಿಟ್ಟು, 1 ಲೀಟರ್ ಮಾಡಿ. ಇದರ 25 ಮಿ.ಲೀ.ಗೆ ಇಡಿಟಿಎ 25.0 ಮಿ.ಲೀ. ಬೀಳಬೇಕು. 24.2 ಬಿದ್ದರೆ ನಿಮ್ಮ ದ್ರಾವಣ ಸ್ವಲ್ಪ ಗಟ್ಟಿ; 25ನ್ನು 24.2ರಿಂದ ಭಾಗಿಸಿ ಬರುವ 1.033ರಿಂದ ಪ್ರತಿ ಫಲಿತಾಂಶವನ್ನೂ ಗುಣಿಸಿ.

ಕೆಡುವುದು ಹೇಗೆಂದರೆ: ಬಫರ್ ಹಾಕಿ ಐದು ನಿಮಿಷಕ್ಕಿಂತ ಹೆಚ್ಚು ಬಿಟ್ಟರೆ, ಪಿಎಚ್ 10ರ ಆ ಕ್ಷಾರದಲ್ಲಿ ಕ್ಯಾಲ್ಸಿಯಂ ಕಾರ್ಬೊನೇಟ್ ಗರಣೆಗಟ್ಟಿ ಲೆಕ್ಕದಿಂದ ತಪ್ಪಿಸಿಕೊಳ್ಳುತ್ತದೆ, ಅಂಕಿ ಕಡಿಮೆ ಬರುತ್ತದೆ. ನೀಲಿಯಾದದ್ದು ನಿಮಿಷದೊಳಗೆ ಮತ್ತೆ ಕೆಂಪಾದರೆ ಇದೇ ಕಾರಣ. ಹಳೆಯ ಬಫರಿನಿಂದ ಅಮೋನಿಯಾ ಹಾರಿಹೋಗಿದ್ದರೆ ಪಿಎಚ್ ಏರದೆ ಬಣ್ಣ ಮಂಕಾಗುತ್ತದೆ. ಮುಚ್ಚಳ ತೆರೆದಾಗ ಮೂಗಿಗೆ ಹೊಡೆಯದ ಬಫರನ್ನು ಚೆಲ್ಲಿ ಹೊಸದು ಮಾಡಿ. ಎಷ್ಟು ಇಡಿಟಿಎ ಹಾಕಿದರೂ ನೇರಳೆಯಲ್ಲೇ ನಿಂತರೆ ನೀರಿನಲ್ಲಿ ತಾಮ್ರ ಅಥವಾ ಕಬ್ಬಿಣ ಇದ್ದು ಸೂಚಕವನ್ನು ಬಿಡದೆ ಹಿಡಿದಿದೆ. ಫ್ರಿಜ್ಜಿನಿಂದ ತೆಗೆದ ತಣ್ಣನೆಯ ಮಾದರಿಯಲ್ಲಿ ಬಣ್ಣ ನಿಧಾನವಾಗಿ ಬದಲಾಗುತ್ತದೆ, ಕೋಣೆಯ ಬಿಸಿಗೆ ಬರಲು ಬಿಡಿ.

ಹೋಟೆಲಿನ ನಿತ್ಯದ ಕೆಲಸಕ್ಕೆ ಇಷ್ಟೆಲ್ಲ ಬೇಕಿಲ್ಲ. ಹನಿ ಎಣಿಸುವ ಗಡಸುತನದ ಕಿಟ್ ಸಾಕು, ಅದರೊಳಗಿರುವುದೂ ಇದೇ ರಸಾಯನ. ಒಂದು ಹನಿಗೆ ಎಷ್ಟು ಪಿಪಿಎಂ ಎಂದು ಡಬ್ಬಿಯ ಮೇಲೆ ಬರೆದಿರುತ್ತದೆ. ಬಾಟಲಿಯನ್ನು ನೆಟ್ಟಗೆ ತಲೆಕೆಳಗಾಗಿ ಹಿಡಿಯಿರಿ. ಓರೆ ಹಿಡಿದರೆ ಹನಿಯ ಗಾತ್ರ ಬದಲಾಗಿ ಲೆಕ್ಕ ಕೆಡುತ್ತದೆ. ಇನ್ನೂ ಸೂಕ್ಷ್ಮವಾಗಿ ತಿಳಿಯಬೇಕೆಂದರೆ ನೀರು ಎರಡು ಪಟ್ಟು ತೆಗೆದುಕೊಳ್ಳಿ, ಪ್ರತಿ ಹನಿಯ ಬೆಲೆ ಅರ್ಧವಾಗುತ್ತದೆ.

ತಾತ್ಕಾಲಿಕವೋ, ಶಾಶ್ವತವೋ

ಒಟ್ಟು ಗಡಸುತನದಲ್ಲಿ ಕುದಿಸಿದಾಗ ಸುಣ್ಣವಾಗಿ ಕೂರುವ ಪಾಲು ಎಷ್ಟು ಎಂಬುದು ಅಡುಗೆಮನೆಗೆ ಮುಖ್ಯ. ಬೈಕಾರ್ಬೊನೇಟಿನ ಜೊತೆಗಿರುವುದು ತಾತ್ಕಾಲಿಕ: ಕುದಿಸಿದರೆ ಇಂಗಾಲದ ಡೈಆಕ್ಸೈಡ್ ಹೊರಹೋಗಿ ಕ್ಯಾಲ್ಸಿಯಂ ಕಾರ್ಬೊನೇಟ್ ಪಾತ್ರೆಗೆ ಅಂಟುತ್ತದೆ. ಸಲ್ಫೇಟ್, ಕ್ಲೋರೈಡಿನ ಜೊತೆಗಿರುವುದು ಶಾಶ್ವತ, ಕುದಿಸಿದರೆ ಹೋಗದು. ಬೈಕಾರ್ಬೊನೇಟ್ ಎಷ್ಟಿದೆ ಎಂದು ತಿಳಿಯಲು ವರದಿಯಲ್ಲಿ ‘ಕ್ಷಾರತೆ’ಯ ಸಾಲು ನೋಡಿ, ಅದೂ ಕ್ಯಾಲ್ಸಿಯಂ ಕಾರ್ಬೊನೇಟ್ ಲೆಕ್ಕದಲ್ಲೇ ಇರುತ್ತದೆ. ಕ್ಷಾರತೆ 290, ಗಡಸುತನ 420 ಎಂದಿದ್ದರೆ ತಾತ್ಕಾಲಿಕ 290, ಶಾಶ್ವತ 130. ಕ್ಷಾರತೆಯೇ ಗಡಸುತನಕ್ಕಿಂತ ಹೆಚ್ಚಿದ್ದರೆ ಪೂರ್ತಿ ಗಡಸುತನ ತಾತ್ಕಾಲಿಕ. ಎಲ್ಲವನ್ನೂ ಒಂದೇ ನಾಣ್ಯಕ್ಕೆ ಇಳಿಸಿದ್ದರ ಫಲ ಇದು: ನೇರವಾಗಿ ಕಳೆಯಬಹುದು.

ಇಡ್ಲಿ ಸ್ಟೀಮರಿನಲ್ಲಿ ದಿನಕ್ಕೆ 40 ಲೀಟರ್ ನೀರು ಆವಿಯಾಗುತ್ತದೆ ಎನ್ನೋಣ. 40 × 290 ಎಂದರೆ 11.6 ಗ್ರಾಂ. ತಿಂಗಳಿಗೆ ಸುಮಾರು 350 ಗ್ರಾಂ ಸುಣ್ಣ ಆ ಹೀಟರಿನ ಮೈಮೇಲೆ. ಸುಣ್ಣ ಬಿಸಿಯನ್ನು ಸರಿಯಾಗಿ ದಾಟಿಸುವುದಿಲ್ಲ. ನೀರಿಗೆ ಹೋಗಬೇಕಾದ ಶಾಖ ಲೋಹದಲ್ಲೇ ಉಳಿದು ಕಾಯಿಲ್ ಸುಡುತ್ತದೆ.

ಬೇಳೆಯ ಲೆಕ್ಕ ಬೇರೆ. ಅಲ್ಲಿ ಕ್ಯಾಲ್ಸಿಯಂ ಬೇಳೆಯ ಕೋಶಗಳ ನಡುವಿನ ಪೆಕ್ಟಿನ್ನಿಗೆ ಅಂಟಿಕೊಂಡು ಅದನ್ನು ಗಟ್ಟಿ ಮಾಡುತ್ತದೆ. ತಾತ್ಕಾಲಿಕ, ಶಾಶ್ವತ ಎರಡೂ ಕಾಡುತ್ತವೆ. ನಲ್ಲಿ ನೀರು ಸ್ವಲ್ಪವೇ ಇದ್ದರೆ ಬೇಳೆಗೂ ಚಹಾಕ್ಕೂ ಅದನ್ನೇ ಮೀಸಲಿಡುವುದು ಸರಿ.

ಟ್ಯಾಂಕರ್ ನೀರಿಗೆ ಪಟಿಕ ತಿರುಗಿಸಿದರೆ ಮೆದುವಾಗುತ್ತದೆ ಎಂಬ ನಂಬಿಕೆ ಇದೆ. ಪಟಿಕ ಮಣ್ಣನ್ನು ಇಳಿಸುತ್ತದೆ, ಗಡಸುತನವನ್ನಲ್ಲ. ಅದರ ಸಲ್ಫೇಟ್ ಸೇರಿ ತಾತ್ಕಾಲಿಕ ಗಡಸುತನದ ಒಂದಷ್ಟು ಪಾಲು ಶಾಶ್ವತವಾಗಿ ಬದಲಾಗುತ್ತದೆ. ಪೈಪಿಗೆ ಆಯಸ್ಕಾಂತ ಕಟ್ಟುವ ಸಾಧನಗಳೂ ನೀರಿನಿಂದ ಕ್ಯಾಲ್ಸಿಯಂ ತೆಗೆಯುವುದಿಲ್ಲ. ಹಿಂದೆ ಮುಂದೆ ಹನಿ ಎಣಿಸಿ ನೋಡಿ, ಅದೇ ಸಂಖ್ಯೆ ಬರುತ್ತದೆ.

ಸಾಫ್ಟ್‌ನರಿಗೆ ಅಂಕಿ ಹೊಂದಿಸುವುದು

ಸಾಫ್ಟ್‌ನರಿನೊಳಗೆ ಕ್ಯಾಲ್ಸಿಯಂ ಹಿಡಿಯುವ ಸಣ್ಣ ಮಣಿಗಳೇ ರೆಜಿನ್; ಅದರ ಒಂದು ಲೀಟರಿಗೆ 160 ಗ್ರಾಂ ಉಪ್ಪು ಕೊಟ್ಟು ತೊಳೆದರೆ, ಅದು ಸುಮಾರು 50 ಗ್ರಾಂ ಗಡಸುತನ ಹಿಡಿಯುತ್ತದೆ ಎಂದು ಲೆಕ್ಕ ಹಿಡಿಯಿರಿ. 25 ಲೀಟರ್ ರೆಜಿನ್ ಇದ್ದರೆ 1,250 ಗ್ರಾಂ. ಲೀಟರಿಗೆ 0.42 ಗ್ರಾಂ ಗಡಸುತನದ ನೀರು 1,250ನ್ನು 0.42ರಿಂದ ಭಾಗಿಸಿದಷ್ಟು, ಅಂದರೆ ಹತ್ತಿರ ಹತ್ತಿರ 3,000 ಲೀಟರ್ ದಾಟುವ ಹೊತ್ತಿಗೆ ರೆಜಿನ್ ತುಂಬಿರುತ್ತದೆ. ಕೊನೆಯ ಹನಿಯವರೆಗೆ ಕಾಯಬೇಡಿ, 2,600ಕ್ಕೇ ಉಪ್ಪು ಕೊಡಿ. ಮಳೆಗಾಲದಲ್ಲಿ ಅದೇ ಬೋರ್‌ವೆಲ್ ನೀರಿನ ಗಡಸುತನ 250ಕ್ಕೆ ಇಳಿದರೆ 4,500 ಲೀಟರಿನವರೆಗೆ ಎಳೆಯಬಹುದು. ಒಂದೇ ಅಂಕಿಯನ್ನು ವರ್ಷವಿಡೀ ಇಟ್ಟುಕೊಳ್ಳುವವರು ಬೇಸಿಗೆಯಲ್ಲಿ ಗಡಸು ನೀರನ್ನೇ ಪಡೆಯುತ್ತಾರೆ, ಮಳೆಗಾಲದಲ್ಲಿ ಉಪ್ಪು ಪೋಲು ಮಾಡುತ್ತಾರೆ.

ಈ 25 ಲೀಟರ್ ರೆಜಿನ್ನಿಗೆ ಉಪ್ಪು 4 ಕಿಲೋ, ನೀರು 36 ಲೀಟರ್. ಇದು 10 ಶೇಕಡಾ ದ್ರಾವಣ. ಮೊದಲು ಐದರಿಂದ ಹತ್ತು ನಿಮಿಷ ಬ್ಯಾಕ್‌ವಾಶ್ (ನೀರನ್ನು ಕೆಳಗಿನಿಂದ ಮೇಲಕ್ಕೆ ಹರಿಸಿ ತೊಳೆಯುವುದು), ಆಮೇಲೆ ಉಪ್ಪುನೀರು ನಿಧಾನವಾಗಿ 20ರಿಂದ 30 ನಿಮಿಷ, ಆಮೇಲೆ ಸಾದಾ ನೀರಿನಿಂದ ತೊಳೆಯುವುದು. ಉಪ್ಪುನೀರನ್ನು ಐದೇ ನಿಮಿಷದಲ್ಲಿ ಓಡಿಸಿದರೆ ರೆಜಿನ್ ಅರ್ಧವೂ ಚೇತರಿಸಿಕೊಳ್ಳುವುದಿಲ್ಲ. ಮಣ್ಣಿಲ್ಲದ ಕಲ್ಲುಪ್ಪು ಸಾಕು, ಊಟದ ಮೇಜಿನ ಪುಡಿಯುಪ್ಪು ಬೇಡ. ರೆಜಿನ್ ಕಂದು ಬಣ್ಣಕ್ಕೆ ತಿರುಗಿದ್ದರೆ ನೀರಿನ ಕಬ್ಬಿಣ ಅದನ್ನು ಮುಚ್ಚುತ್ತಿದೆ, ಬರಿಯ ಉಪ್ಪಿನಿಂದ ಅದು ಬಿಡದು.

ತೊಳೆದದ್ದು ಸಾಕೇ ಎಂದು ತಿಳಿಯಲು ಹೊರಬರುವ ನೀರು ಅರ್ಧ ಲೋಟ ಹಿಡಿದು ಬಫರ್, ಚಿಟಿಕೆ ಸೂಚಕ ಹಾಕಿ. ಇಡಿಟಿಎ ಮುಟ್ಟಿಸದೆಯೇ ನೀಲಿಯಾದರೆ ಸರಿ. ಕೆಂಪಾದರೆ ಗಡಸುತನ ಸೋರುತ್ತಿದೆ.

100 ಗಡಸುತನ ಹೋದಾಗ 46 ಮಿಲಿಗ್ರಾಂ ಸೋಡಿಯಂ ಸೇರುತ್ತದೆ. ನಮ್ಮ 420ರ ನೀರಿನಲ್ಲಿ ಅದು ಲೀಟರಿಗೆ 190ರ ಮೇಲೆ. ಆದ್ದರಿಂದ ಈ ನೀರು ಸ್ಟೀಮರಿಗೆ, ಗೀಸರಿಗೆ, ಪಾತ್ರೆ ತೊಳೆಯಲು. ಕುಡಿಯಲು, ಸಾರಿಗೆ, ಅನ್ನಕ್ಕೆ ನಲ್ಲಿ ನೀರೋ ಆರ್‌ಒ ನೀರೋ ಇರಲಿ. ರಕ್ತದೊತ್ತಡ ಇರುವವರು ಮನೆಯಲ್ಲಿದ್ದರೆ ಇದರಲ್ಲಿ ರಾಜಿ ಬೇಡ.

ಈಗಾಗಲೇ ಕಟ್ಟಿದ ಸುಣ್ಣ ಬಿಡಿಸುವುದು

100 ಗ್ರಾಂ ಸುಣ್ಣ ಕರಗಲು 140 ಗ್ರಾಂ ಸಿಟ್ರಿಕ್ ಆಮ್ಲ ಬೇಕು, ಅಂಗಡಿಯಲ್ಲಿ ಸಿಗುವ ಹರಳಿನ ರೂಪದ ನಿಂಬೆಉಪ್ಪಿನ ಲೆಕ್ಕ ಇದು. ಮೇಲಿನ ಸ್ಟೀಮರಿನ ತಿಂಗಳ 350 ಗ್ರಾಂಗೆ 490 ಗ್ರಾಂ. 600 ಗ್ರಾಂ ತೆಗೆದುಕೊಂಡು 12 ಲೀಟರ್ ನೀರಿನಲ್ಲಿ ಕರಗಿಸಿ. ನೀರು ಕೈಗೆ ಚುರುಕೆನ್ನುವಷ್ಟು, ಸುಮಾರು 50 ಡಿಗ್ರಿ ಬಿಸಿಯಿರಲಿ. ಕುದಿಸಿದರೆ ಕ್ಯಾಲ್ಸಿಯಂ ಸಿಟ್ರೇಟ್ ಬಿಳಿ ಹಿಟ್ಟಾಗಿ ಮತ್ತೆ ಅಲ್ಲೇ ಕೂರುತ್ತದೆ. ಸುಣ್ಣ ದಪ್ಪಗಿದ್ದರೆ ಒಂದೇ ಸಲ ಗಾಢವಾಗಿ ಹಾಕುವ ಬದಲು ಎರಡು ಪಾಲು ಮಾಡಿ, ಮೊದಲ ಪಾಲನ್ನು ಚೆಲ್ಲಿ ಎರಡನೆಯದನ್ನು ಹಾಕಿ. ಗುಳ್ಳೆ ಏಳುವುದು ನಿಂತ ಮೇಲೂ ಸುಣ್ಣ ಉಳಿದಿದ್ದರೆ ಆಮ್ಲ ಮುಗಿದಿದೆ ಎಂದರ್ಥ. ಹೊಸ ಆಮ್ಲ ಹಾಕಿದರೂ ಗುಳ್ಳೆ ಬರದೆ ಗಟ್ಟಿ ಪದರ ಉಳಿದರೆ ಅದು ಸಲ್ಫೇಟಿನ ಪದರ ಇರಬಹುದು, ನಿಂಬೆಉಪ್ಪಿಗೆ ಅದು ಜಗ್ಗದು.

ಕಕ್ಕಸು ತೊಳೆಯುವ ಆಸಿಡ್ಡನ್ನು ಸ್ಟೇನ್‌ಲೆಸ್ ಸ್ಟೀಲ್ ಸ್ಟೀಮರಿಗೆ ಸುರಿಯಲೇಬೇಡಿ. ಅದು ಹೈಡ್ರೋಕ್ಲೋರಿಕ್ ಆಮ್ಲ. ಸುಣ್ಣ ಐದು ನಿಮಿಷದಲ್ಲಿ ಹೋಗುತ್ತದೆ ನಿಜ, ಜೊತೆಗೆ ಅದರ ಕ್ಲೋರೈಡ್ ಸ್ಟೀಲಿನ ರಕ್ಷಣೆಯ ಪದರವನ್ನು ಚುಚ್ಚಿ ಸೂಜಿಮೊನೆಯಂಥ ತೂತು ಮಾಡುತ್ತದೆ. ಆ ತೂತು ಕಾಣುವುದು ಕೆಲವು ವಾರಗಳ ಮೇಲೆ, ಸ್ಟೀಮರಿನ ತಳದಿಂದ ನೀರು ಜಿನುಗಲು ತೊಡಗಿದಾಗ.